ಅರ್ಧ ದಿನಕ್ಕೊಂದು ರಾಜಧಾನಿ

ಬ್ಯಾಂಕಾಕ್ ನೋಡಿ ಬಂದವರು ನಮ್ಮ ಕಡೆ ಯಾರಿದ್ದಾರೆ ಎಂದು ಹುಡುಕಿದರೆ ಮೊದಲು ಸಿಗುವವರು ಬೀಜ-ಗೊಬ್ಬರದ ಅಂಗಡಿಯವರು. ವರ್ಷದ ಟಾರ್ಗೆಟ್ ಮುಟ್ಟಿಸಿದ ಡೀಲರಿಗೆ ಕಂಪನಿಯವರು ಫಾರಿನ್ ಟೂರ್ ಕೊಡುವುದು ಈಗ ರೂಢಿಯಾಗಿದೆ. ಗಂಗಾವತಿಯಿಂದ ಬೆಂಗಳೂರಿಗೆ ರಾತ್ರಿಯಿಡೀ ಬಸ್ಸು, ಅಲ್ಲಿಂದ ಬ್ಯಾಂಕಾಕಿಗೆ ನಾಲ್ಕು ತಾಸಿನ ವಿಮಾನ. ಉದ್ರಿ ವಸೂಲಿಯ ತಲೆಬಿಸಿ ಊರಲ್ಲೇ ಬಿಟ್ಟು ನಾಲ್ಕು ದಿನ ಅಡ್ಡಾಡಿ ಬರುತ್ತಾರೆ. ಬಂದ ಮೇಲೆ "ಏನೇನು ನೋಡಿದ್ರಿ ಅಣ್ಣಾರ?" ಎಂದು ಕೇಳಿದರೆ ಎಲ್ಲರದೂ ಒಂದೇ ನಮೂನೆಯ ಉತ್ತರ: "ಅರ್ಧ ದಿನ ಸಿಟಿ ಟೂರ್ ಆತ್ರಿ. ಬಂಗಾರದ ಬುದ್ಧ, ಮಲಗಿದ ಬುದ್ಧ, ಆಮ್ಯಾಲೆ ಹರಳಿನ ಅಂಗಡಿ."

ಇದರಲ್ಲಿ ಸುಳ್ಳೇನಿಲ್ಲ. ಬಂಗಾರದ ಬುದ್ಧ ಇರುವುದು ವಾಟ್ ತ್ರೈಮಿತ್‌ನಲ್ಲಿ. ತೂಕ ಐದೂವರೆ ಟನ್. ಶತಮಾನಗಳ ಕಾಲ ಗಾರೆಯ ಮೂರ್ತಿ ಎಂದೇ ಎಲ್ಲರೂ ತಿಳಿದಿದ್ದರು. 1955ರಲ್ಲಿ ಬೇರೆ ಕಡೆ ಸಾಗಿಸುವಾಗ ಗಾರೆ ಒಡೆದು ಒಳಗಿನ ಬಂಗಾರ ಹೊರಬಿತ್ತು. ಮಲಗಿದ ಬುದ್ಧ ವಾಟ್ ಫೋದಲ್ಲಿದ್ದಾನೆ, ತಲೆಯಿಂದ ಪಾದದ ತನಕ 46 ಮೀಟರ್. ಹರಳಿನ ಅಂಗಡಿಯ ವಿಷಯ ಬಿಡಿಸಿ ಹೇಳಬೇಕಿಲ್ಲ. ಅಷ್ಟು ಅಗ್ಗಕ್ಕೆ ಎಸಿ ಬಸ್ಸು, ಗೈಡ್, ನೀರಿನ ಬಾಟಲಿ ಹೇಗೆ ಬರುತ್ತವೆ ಎಂಬುದಕ್ಕೆ ಉತ್ತರ ಆ ಅಂಗಡಿಯ ಗಲ್ಲೆಯಲ್ಲಿದೆ.

ಆದರೆ ಅದೇ ಪೇಟೆಯಲ್ಲಿ, ಅರಮನೆಯ ಆವರಣದಲ್ಲಿ, ಪಚ್ಚೆ ಬುದ್ಧನ ಗುಡಿ ವಾಟ್ ಫ್ರ ಕೇವ್ ಇದೆ. ಗುಡಿಯ ಸುತ್ತ ಉದ್ದಕ್ಕೂ ಕೈಸಾಲೆ, ಅದರ ಗೋಡೆಯ ಮೇಲೆ 178 ಚಿತ್ರಗಳಲ್ಲಿ ಇಡೀ ರಾಮಾಯಣ. ಥಾಯ್ ಜನ ಅದನ್ನು ರಾಮಕಿಯೆನ್ ಎನ್ನುತ್ತಾರೆ. ಬ್ಯಾಂಕಾಕ್ ಕಟ್ಟಿಸಿದ ಮೊದಲನೇ ರಾಮ ಎಂಬ ದೊರೆಯೇ 1797ರಲ್ಲಿ ಅದನ್ನು ಕಾವ್ಯವಾಗಿ ಬರೆಸಿದ. ಅಲ್ಲಿನ ಹನುಮಂತ ಬೆಳ್ಳಗಿದ್ದಾನೆ, ಬ್ರಹ್ಮಚಾರಿಯಂತೂ ಅಲ್ಲವೇ ಅಲ್ಲ. ವಾಲಿ ಅಲ್ಲಿ ಫಾಲಿ, ಸುಗ್ರೀವ ಸುಕ್ರೀಪ್, ಅವರಿಬ್ಬರ ರಾಜ್ಯ ಖೀತ್‌ಖಿನ್. ಅಂದರೆ ಕಿಷ್ಕಿಂಧೆ. ಅಂದರೆ, ಸ್ಥಳಪುರಾಣವನ್ನು ನಂಬುವುದಾದರೆ, ಗಂಗಾವತಿ ತಾಲ್ಲೂಕು. ನಮ್ಮ ಡೀಲರ್ ಅಣ್ಣಾರು ತಮ್ಮದೇ ಊರಿನ ಚಿತ್ರದ ಮುಂದೆ ಹಾದುಹೋಗಿರುತ್ತಾರೆ. ಪಚ್ಚೆ ಬುದ್ಧನ ಸಾಲು ಉದ್ದವಿತ್ತು, ಬಸ್ಸಿಗೆ ಹೊತ್ತಾಗಿತ್ತು, ಗೈಡ್ ಕೊಡೆ ಎತ್ತಿ ಹಿಡಿದು ಮುಂದೆ ಮುಂದೆ ನಡೆದ.

ಅರ್ಧ ದಿನದ ಸುತ್ತಾಟವನ್ನು ನಾನು ಕೀಳಾಗಿ ಕಾಣುವವನಲ್ಲ ಎಂಬುದು ಈ ಅಂಕಣ ಓದುವವರಿಗೆ ಗೊತ್ತು. ವಾರಗಟ್ಟಲೆ ಬಿಡುವು ಇರುವವರು ಎಲ್ಲಿದ್ದಾರೆ? ಭತ್ತದ ನಾಟಿಗೂ ಕೊಯ್ಲಿಗೂ ನಡುವೆ, ಮದುವೆ ಮುಂಜಿಗಳ ನಡುವೆ ನಮಗೆ ಸಿಗುವುದು ಒಂದು ಮುಂಜಾನೆ, ಹೆಚ್ಚೆಂದರೆ ಮಧ್ಯಾಹ್ನದ ಊಟದ ತನಕ. ಆ ಹೊತ್ತಿಗೂ ಒಂದು ಕಲೆ ಇದೆ. ದೊಡ್ಡ ಟೂರನ್ನು ಹಿಂಡಿ ಚಿಕ್ಕದು ಮಾಡಲು ಹೋದವರು ಆ ಕಲೆಯನ್ನು ಕೆಡಿಸುತ್ತಾರೆ. ಹತ್ತು ಜಾಗಕ್ಕೆ ಹತ್ತು ಹತ್ತು ನಿಮಿಷ ಹಂಚಿದರೆ ಕೊನೆಗೆ ಉಳಿಯುವುದು ಬಸ್ಸಿನ ಮೆಟ್ಟಿಲು ಹತ್ತಿ ಇಳಿದ ನೆನಪು. ಒಳ್ಳೆಯ ಗೈಡ್ ಏನನ್ನು ಬಿಡಬೇಕೆಂದು ಮೊದಲು ಗೊತ್ತುಮಾಡಿಕೊಳ್ಳುತ್ತಾನೆ. ಏನು ತೋರಿಸಬೇಕೆಂಬ ಮಾತು ಆಮೇಲೆ.

ಹಳೇ ರಾಜಧಾನಿಗಳ ಬಗ್ಗೆ ನನ್ನದೊಂದು ಹಟವಿದೆ: ಅರ್ಧ ದಿನವೇ ಇರುವುದಾದರೆ ಆಚೆ ದಂಡೆಗೆ ಹೋಗಬೇಕು. ಬ್ಯಾಂಕಾಕ್‌ನ ಕಥೆಯನ್ನೇ ತೆಗೆದುಕೊಳ್ಳಿ. ಅಯುತ್ಥಯ ಹಾಳಾದ ಮೇಲೆ 1767ರಿಂದ ರಾಜಧಾನಿ ಇದ್ದದ್ದು ಚಾವೊ ಫ್ರಾಯ ನದಿಯ ಪಡುವಣ ದಂಡೆಯ ಥೊನ್‌ಬುರಿಯಲ್ಲಿ. 1782ರಲ್ಲಿ ಮೊದಲನೇ ರಾಮ ನದಿ ದಾಟಿ ಮೂಡಣ ದಂಡೆಗೆ ಅರಮನೆ ಒಯ್ದ. ಹೊಸ ದಂಡೆ ಮಹಾನಗರವಾಯಿತು. ಹಳೇ ದಂಡೆಯಲ್ಲಿ ವಾಟ್ ಅರುಣ್ ಗೋಪುರ, ಕಾಲುವೆಗಳು, ಮರದ ಮನೆಗಳು ಉಳಿದವು. ಪುಟ್ಟ ದೋಣಿಯಲ್ಲಿ ಐದು ನಿಮಿಷದ ದಾರಿ. ಸಿಟಿ ಟೂರಿನ ಬಸ್ಸು ಸಾಮಾನ್ಯವಾಗಿ ಅಲ್ಲಿಗೆ ಹೋಗುವುದಿಲ್ಲ, ಏಕೆಂದರೆ ಆ ದೋಣಿಗೆ ಬಸ್ಸು ಹತ್ತುವುದಿಲ್ಲ.

ತುಂಗಭದ್ರೆಯಲ್ಲೂ ನಡೆದದ್ದು ಇದೇ, ನಾಲ್ಕೂವರೆ ಶತಮಾನ ಮೊದಲು. ಮುಹಮ್ಮದ್ ಬಿನ್ ತುಘಲಕನ ದಂಡು 1327ರ ಸುಮಾರಿಗೆ ಕಂಪಿಲಿಯ ರಾಜ್ಯವನ್ನು ಮುಗಿಸಿತು. 1336ರಲ್ಲಿ ಹರಿಹರ-ಬುಕ್ಕರು ಹೊಸ ರಾಜ್ಯ ಹೂಡಿದಾಗ ಬಡಗಣ ದಂಡೆಯ ಆನೆಗೊಂದಿಯೇ ನೆಲೆ. ಆಮೇಲೆ ನದಿ ದಾಟಿ ತೆಂಕಣ ದಂಡೆಯಲ್ಲಿ ವಿಜಯನಗರ ಬೆಳೆಯಿತು. ಜಗತ್ತು ನೋಡಲು ಬರುವುದು ಆ ದಂಡೆಗೆ. ನಾನು ಕಳಿಸುವುದು ಈ ದಂಡೆಗೆ. ಹಂಪಿ ಅರ್ಧ ದಿನಕ್ಕೆ ಒಗ್ಗುವ ಊರಲ್ಲ, ಮೂರು ದಿನ ಕೊಟ್ಟರೂ ಇನ್ನೆರಡು ಕೇಳುತ್ತದೆ. ಆನೆಗೊಂದಿ ಒಂದು ಮುಂಜಾನೆಗೆ ಹೇಳಿ ಮಾಡಿಸಿದ ರಾಜಧಾನಿ. ನಡೆದೇ ಮುಗಿಸಬಹುದು. ಎಲ್ಲಕ್ಕಿಂತ ಹೆಚ್ಚಾಗಿ ಅದರೊಳಗೆ ಇನ್ನೂ ಜನ ಇದ್ದಾರೆ. ಅರಮನೆಯ ಎದುರಿನ ಕಟ್ಟೆಯ ಮೇಲೆ ಅಜ್ಜಂದಿರು ಪೇಪರ್ ಓದುತ್ತಾರೆ, ಕೋಟೆಯ ಬುಡದಲ್ಲಿ ಬಾಳೆ ತೋಟಕ್ಕೆ ನೀರು ಹಾಯುತ್ತದೆ.

ಗಂಗಾವತಿಯಿಂದ ಹತ್ತು-ಹನ್ನೆರಡು ಕಿಲೋಮೀಟರ್. ಕೊಪ್ಪಳದವರು ಗಂಗಾವತಿಗೆ ಬಂದು ಬಸ್ಸು ಬದಲಿಸಬೇಕು. ಕುಷ್ಟಗಿ, ಯಲಬುರ್ಗಾದವರು ಬೆಳಗಿನ ಮೊದಲ ಬಸ್ಸಿಗೇ ಹೊರಡಬೇಕು. ಬಸ್ ಸ್ಟ್ಯಾಂಡ್ ಹತ್ತಿರ ಮಂಡಾಳ ಒಗ್ಗರಣಿ, ಮಿರ್ಚಿ ತಿಂದು ಚಹಾ ಕುಡಿದು ಏಳೂವರೆಗೆ ಆನೆಗೊಂದಿಯಲ್ಲಿ ಇಳಿದರೆ ಲೆಕ್ಕ ಸರಿ. ಮಳೆಗಾಲ ಮುಗಿದ ಮೇಲೆ, ನವೆಂಬರಿನಿಂದ ಫೆಬ್ರುವರಿ ತನಕ ಒಳ್ಳೆಯದು. ಡ್ಯಾಮಿನಿಂದ ನೀರು ಬಿಟ್ಟ ದಿನಗಳಲ್ಲಿ ನದಿ ದಡ ಮೀರುತ್ತದೆ, ತೆಪ್ಪಗಳು ನಿಲ್ಲುತ್ತವೆ. ಏಪ್ರಿಲ್ ಬಂತೆಂದರೆ ಹತ್ತು ಗಂಟೆಗೇ ಬಂಡೆಗಳು ಕಾದು ನಿಲ್ಲಲು ಕೊಡುವುದಿಲ್ಲ.

ಕ್ರಮ ಮುಖ್ಯ. ಹೆಚ್ಚಿನವರು ಊರಿನ ಹೆಬ್ಬಾಗಿಲಿನಿಂದ ಶುರು ಮಾಡುತ್ತಾರೆ. ನನಗೆ ಒಪ್ಪಿಗೆಯಾದ ಗೈಡ್ ಒಬ್ಬರು ಸೀದಾ ಹೊಳೆಗೆ ಕರೆದುಕೊಂಡು ಹೋಗುತ್ತಾರೆ. ಹುಟ್ಟಿದ್ದು ಇದೇ ಊರು, ಬೆಳಗ್ಗೆ ಹೊಲ, ಸೀಜನ್ನಿನಲ್ಲಿ ಗೈಡ್ ಕೆಲಸ. ದಡದಲ್ಲಿ ನಿಂತು ಆಚೆ ಬಂಡೆಗಳ ಕಡೆ ಕೈ ಮಾಡಿ ಅವರು ಹೇಳುವ ಮೊದಲ ಮಾತು: "ಈಗ ಅಲ್ಲಿ ಏನೂ ಇಲ್ಲ ಅಂತ ತಿಳ್ಕೋರಿ. ಬರೇ ಕಾಡು." ಅದೊಂದು ಮಾತಿನಲ್ಲಿ ನಾವು ಹದಿನಾಲ್ಕನೇ ಶತಮಾನದ ಆನೆಗೊಂದಿಯವರಾಗುತ್ತೇವೆ. ನಾಯಿಯನ್ನೇ ಅಟ್ಟಿಸಿಕೊಂಡು ಬಂದ ಮೊಲದ ಕಥೆ ಶಾಲೆಯಲ್ಲಿ ಎಲ್ಲರೂ ಓದಿದ್ದೇವೆ. ಪೋರ್ಚುಗೀಸ್ ಕುದುರೆ ವ್ಯಾಪಾರಿ ಫೆರ್ನಾವ್ ನೂನಿಜ್ ಬರೆದಿಟ್ಟ ಪಾಠದಲ್ಲಿ ರಾಜ ಇರುವುದು ಆನೆಗೊಂದಿಯಲ್ಲಿ. ಬೇಟೆಗೆಂದು ನದಿ ದಾಟಿ ಹೋಗುತ್ತಾನೆ, ಅಲ್ಲಿ ಮೊಲ ಎದುರು ನಿಲ್ಲುತ್ತದೆ, ಸನ್ಯಾಸಿ ಅದೇ ಜಾಗದಲ್ಲಿ ಊರು ಕಟ್ಟು ಎನ್ನುತ್ತಾನೆ. ಹಂಪಿಯಲ್ಲಿ ನಿಂತು ಕೇಳಿದರೆ ಇದೊಂದು ಕಟ್ಟುಕಥೆ. ಈ ದಡದಲ್ಲಿ ನಿಂತು ಕೇಳಿದರೆ, ರಾಜಧಾನಿಯನ್ನು ಆಚೆಗೆ ಒಯ್ಯಲು ಜನರಿಗೆ ಒಂದು ಕಾರಣ ಬೇಕಿತ್ತು ಎಂಬುದು ತಾನಾಗಿ ಹೊಳೆಯುತ್ತದೆ. ನಡುವೆ ಹೊಳೆ, ಆಚೆ ಬಂಡೆಗುಡ್ಡಗಳ ಕೋಟೆ. ಬಡಗಣದಿಂದ ಬರುವ ದಂಡಿಗೆ ಇದಕ್ಕಿಂತ ದೊಡ್ಡ ತಡೆ ಯಾವುದಿದೆ?

ತೆಪ್ಪ ಹತ್ತುವುದು ಈ ದಡದಲ್ಲೇ. 1520ರ ಸುಮಾರಿಗೆ ಇಲ್ಲಿಗೆ ಬಂದಿದ್ದ ದೊಮಿಂಗೊ ಪಾಯೆಸ್ ಈ ದಾಟುವಿಕೆಯನ್ನು ಅಕ್ಕರೆಯಿಂದ ಬರೆದಿದ್ದಾನೆ. ದೋಣಿಗಳು ಬುಟ್ಟಿಯ ಆಕಾರದವು, ಒಳಗೆ ಬೆತ್ತದ ಹೆಣಿಗೆ, ಹೊರಗೆ ಚರ್ಮ, ಹದಿನೈದು-ಇಪ್ಪತ್ತು ಜನ ಹಿಡಿಯುತ್ತಾರೆ, ಬೇಕಾದರೆ ಕುದುರೆ, ಎತ್ತು ಕೂಡ. ನೇರ ಹೋಗಲಾರದೆ ಯಾವಾಗಲೂ ಸುತ್ತುತ್ತಲೇ ಸಾಗುತ್ತವೆ ಎಂಬುದನ್ನೂ ಅವನು ಗಮನಿಸಿದ್ದಾನೆ. ಐದು ನೂರು ವರ್ಷದಲ್ಲಿ ಬದಲಾದದ್ದು ಚರ್ಮ ಮಾತ್ರ. ಈಗ ಬಿದಿರಿನ ಹೆಣಿಗೆಗೆ ಪ್ಲಾಸ್ಟಿಕ್ ಹಾಳೆ ಸುತ್ತಿ ಡಾಂಬರು ಬಳಿಯುತ್ತಾರೆ. ಕುದುರೆಯ ಜಾಗಕ್ಕೆ ಮೋಟಾರ್ ಸೈಕಲ್ ಬಂದಿದೆ. ತೆಪ್ಪದವರು ಹುಟ್ಟನ್ನು ಒಂದೇ ಮಗ್ಗುಲಿಗೆ ಹಾಕುವುದನ್ನು ನೋಡುತ್ತಿರಿ. ಎರಡು ಎಳೆತ, ಒಂದು ಸಣ್ಣ ತಿರುವು, ಮತ್ತೆ ಎರಡು ಎಳೆತ. ತೆಪ್ಪ ಸುತ್ತಲು ಹೊರಟಾಗಲೆಲ್ಲ ಮಣಿಕಟ್ಟು ಅದನ್ನು ಹಿಂದಕ್ಕೆ ತಿರುಗಿಸುತ್ತದೆ. ಪಾಯೆಸ್ ಕಂಡ ಸುತ್ತಾಟ ಈಗ ಪ್ರವಾಸಿಗರ ಖುಷಿಗಾಗಿ ನಡುನೀರಿನಲ್ಲಿ ಬೇಕೆಂದೇ ಮಾಡುವ ಆಟವಾಗಿದೆ. ಬೇಡ ಎನ್ನಿ, ತೆಪ್ಪ ತನ್ನ ಕೆಲಸವನ್ನು ಹೇಗೆ ಮಾಡುತ್ತದೋ ಹಾಗೇ ಮಾಡಲಿ.

ನೀರಿನಿಂದಲೇ ಕಾಣುವುದು ಅರವತ್ನಾಲ್ಕು ಕಂಬದ ಮಂಟಪ. ಕೃಷ್ಣದೇವರಾಯನ ಸಮಾಧಿ ಎಂದು ಊರವರ ನಂಬಿಕೆ. ಹೊಳೆ ತುಂಬಿದಾಗ ಕಂಬಗಳು ಮುಳುಗುತ್ತವೆ. ಹಳೇ ಸೇತುವೆಯ ಕಲ್ಲುಕಂಬಗಳೂ ಸಾಲಾಗಿ ನಿಂತಿವೆ. ಗೈಡ್ ತಿಳಿದವರಾಗಿದ್ದರೆ ಇಲ್ಲೇ ಹೊಸ ಸೇತುವೆಯ ಕಥೆಯನ್ನೂ ಹೇಳುತ್ತಾರೆ. ತಳವಾರಘಟ್ಟಕ್ಕೂ ಆನೆಗೊಂದಿಗೂ ನಡುವೆ ಸೇತುವೆ ಕಟ್ಟಲು ಹೊರಟದ್ದು ಒಂದು ಕಾರಣವಾಗಿ ಯುನೆಸ್ಕೊ 1999ರಲ್ಲಿ ಹಂಪಿಯನ್ನು ಅಪಾಯದ ಪಟ್ಟಿಗೆ ಸೇರಿಸಿತು. 2006ರಲ್ಲಿ ಹೆಸರು ತೆಗೆಯಿತು. 2009ರ ಜನವರಿಯಲ್ಲಿ ಆ ಸೇತುವೆ ಕಟ್ಟುತ್ತಿರುವಾಗಲೇ ಕುಸಿದು ಕೂಲಿಕಾರರು ಸತ್ತರು. ಈಗ ವಾಹನಗಳು ಕಡೇಬಾಗಿಲು-ಬುಕ್ಕಸಾಗರ ಸೇತುವೆಯಲ್ಲಿ ಸುತ್ತಿ ಬರುತ್ತವೆ. ಪರಂಪರೆ ಉಳಿಯಬೇಕೋ, ಆಸ್ಪತ್ರೆಗೆ ಹೋಗುವ ದಾರಿ ಬೇಕೋ ಎಂಬ ಜಗಳದಲ್ಲಿ ಈ ಊರು ವರ್ಷಗಟ್ಟಲೆ ಸಿಕ್ಕಿಕೊಂಡಿತ್ತು. ಬರೀ ರಾಜರ ಕಥೆ ಹೇಳಿ ಇದನ್ನು ನುಂಗಿಬಿಡುವ ಗೈಡ್ ನನಗೆ ಬೇಡ. ರಾಜಧಾನಿಯಲ್ಲಿ ಬದುಕುವ ಕಷ್ಟವೂ ರಾಜಧಾನಿಯದೇ ಕಥೆ.

ದಡಕ್ಕೆ ಮರಳಿದ ಮೇಲೆ ಹುಚ್ಚಪ್ಪಯ್ಯನ ಮಠ. ಇಡೀ ಸುತ್ತಾಟದಲ್ಲಿ ಹೆಚ್ಚು ಹೊತ್ತು ಕೊಡಬೇಕಾದ ಜಾಗ ಇದು, ಹೆಚ್ಚಿನವರು ಬಾಗಿಲಿನಿಂದಲೇ ಫೋಟೊ ತೆಗೆದು ಹೊರಡುವ ಜಾಗವೂ ಇದೇ. ಕಪ್ಪು ಕಲ್ಲಿನ ಕಂಬಗಳನ್ನು ಚಾಲುಕ್ಯರ ಗುಡಿಗಳಲ್ಲಿ ಇರುವಂತೆ ಕಡೆದು ನುಣುಪು ಮಾಡಿದ್ದಾರೆ. ಪಟ್ಟಿಗಳಲ್ಲಿ ಕುಣಿಯುವ ಹೆಂಗಸರು, ಚಾವಣಿಯಲ್ಲಿ ಬಣ್ಣದ ಚಿತ್ರಗಳ ಉಳಿಕೆ. ಒಳಗೆ ಕಾಲಿಟ್ಟ ಕೂಡಲೇ ಏನೂ ಕಾಣುವುದಿಲ್ಲ, ಹೊರಗಿನ ಬಿಸಿಲಿಗೆ ಕಣ್ಣು ಕುರುಡಾಗಿರುತ್ತದೆ. ನಮ್ಮ ಗೈಡ್ ಮಾತು ನಿಲ್ಲಿಸಿ ಎಲ್ಲರನ್ನೂ ನೆಲದ ಮೇಲೆ ಕೂರಿಸುತ್ತಾರೆ. ಸ್ವಲ್ಪ ಹೊತ್ತಾದ ಮೇಲೆ ಮೊಬೈಲಿನ ಬೆಳಕನ್ನು ಕಂಬದ ಮುಂದೆ ಹಿಡಿಯದೆ, ಕಂಬಕ್ಕೆ ತಾಗುವಷ್ಟು ಪಕ್ಕದಲ್ಲಿ, ಕೆಳಗಿನಿಂದ ಓರೆಯಾಗಿ ಹಿಡಿಯುತ್ತಾರೆ. ಅಲ್ಲಿಯ ತನಕ ಕಪ್ಪು ಗೆರೆಯಾಗಿದ್ದದ್ದು ನೆರಳು ಪಡೆದು ಮೊಣಕೈಯಾಗುತ್ತದೆ, ಕಾಲ್ಗೆಜ್ಜೆಯಾಗುತ್ತದೆ, ಹಿಂದಕ್ಕೆ ಬಾಗಿದ ಸೊಂಟವಾಗುತ್ತದೆ. ಮುಂದಿನಿಂದ ಬೆಳಕು ಹಾಕಿದರೆ ಇದೆಲ್ಲ ಮತ್ತೆ ಚಪ್ಪಟೆ. ಚಾವಣಿಗೆ ಮಾತ್ರ ಅವರು ಬೆಳಕು ಹಾಯಿಸುವುದಿಲ್ಲ. ಕಣ್ಣು ಕತ್ತಲಿಗೆ ಒಗ್ಗಿದ ಮೇಲೆ ಬಣ್ಣ ತಾನೇ ಇಳಿದು ಬರುತ್ತದೆ ಎನ್ನುತ್ತಾರೆ, ಬರುತ್ತದೆ ಕೂಡ.

ಅಲ್ಲಿಂದ ಊರೊಳಕ್ಕೆ. ರಂಗನಾಥಸ್ವಾಮಿ ಗುಡಿ, ಎದುರು ತೇರಿನ ಬಯಲು, ಆಚೆ ಕಮಾನಿನ ಕಿಟಕಿಗಳ ಗಗನ ಮಹಲ್. ದೊಡ್ಡ ಅರಮನೆಯ ನಿರೀಕ್ಷೆ ಇಟ್ಟುಕೊಂಡು ಬಂದವರಿಗೆ ಗಗನ ಮಹಲ್ ಚಿಕ್ಕದಾಗಿ ಕಾಣಬಹುದು. ಇಲ್ಲಿ ಒಂದು ಸಂಗತಿ ಗೊತ್ತಿರಬೇಕು. 1565ರ ಕಾಳಗದ ನಂತರ ರಾಜಧಾನಿ ಪೆನುಕೊಂಡೆಗೆ, ಆಮೇಲೆ ಚಂದ್ರಗಿರಿಗೆ, ವೆಲ್ಲೂರಿಗೆ ಅಲೆದರೂ ಆನೆಗೊಂದಿಯಲ್ಲಿ ರಾಜವಂಶದ ಒಂದು ಎಳೆ ನೆಲೆ ನಿಂತಿತು. ಆ ಮನೆತನದವರು ಈಗಲೂ ಇದ್ದಾರೆ, ಹಂಪಿಯ ವಿರೂಪಾಕ್ಷನ ಉತ್ಸವಗಳಲ್ಲಿ ಅವರಿಗೆ ಮರ್ಯಾದೆ ಸಲ್ಲುತ್ತದೆ. ನಮ್ಮ ಗೈಡ್ ಇದನ್ನು ಒಂದೇ ಸಾಲಿನಲ್ಲಿ ಮುಗಿಸುತ್ತಾರೆ: "ರಾಜಧಾನಿ ಆ ಕಡೆ ಹೋತ್ರಿ, ರಾಜರು ಈ ಕಡೆ ಉಳಿದ್ರು." ಊರ ಓಣಿಗಳಲ್ಲಿ ಹೆಂಗಸರು ಬಾಳೆನಾರಿನ ಹಗ್ಗ ಹೊಸೆದು ಚೀಲ, ಬುಟ್ಟಿ ಹೆಣೆಯುವುದನ್ನು ಕಾಣಬಹುದು. 1997ರಲ್ಲಿ ಶುರುವಾದ ಕಿಷ್ಕಿಂದ ಟ್ರಸ್ಟ್ ಈ ಕಸುಬಿಗೆ ಬೆನ್ನಾಗಿ ನಿಂತಿತು. ಬೇಕಾದರೆ ಕೊಳ್ಳಿ, ಕೊಳ್ಳದಿದ್ದರೆ ಯಾರೂ ಬೆನ್ನು ಹತ್ತುವುದಿಲ್ಲ.

ಕೊನೆಗೆ ಚಿಂತಾಮಣಿ, ಹೊಳೆಯ ದಡದ ಗವಿಗಳು. ರಾಮ ಇಲ್ಲಿ ಮರೆಯಲ್ಲಿ ನಿಂತು ವಾಲಿಗೆ ಬಾಣ ಬಿಟ್ಟ ಎನ್ನುತ್ತದೆ ಸ್ಥಳಪುರಾಣ. ಇದು ವಾದಕ್ಕೆ ಇಳಿಯುವ ಜಾಗ. ಬಚ್ಚಿಟ್ಟುಕೊಂಡು ಹೊಡೆದದ್ದು ಸರಿಯೇ ಎಂಬ ಪ್ರಶ್ನೆ ನಮ್ಮ ಬಯಲಾಟದವರಿಂದ ಹಿಡಿದು ಪಂಡಿತರ ತನಕ ಯಾರನ್ನೂ ಬಿಟ್ಟಿಲ್ಲ. ರಾಮಕಿಯೆನ್‌ನಲ್ಲಿ ಫಾಲಿ ಬಾಣವನ್ನು ಕೈಯಲ್ಲೇ ಹಿಡಿದುಬಿಡುತ್ತಾನೆ, ತನ್ನ ತಪ್ಪು ತಿಳಿದ ಮೇಲೆ ತಾನೇ ಸಾವನ್ನು ಒಪ್ಪಿಕೊಳ್ಳುತ್ತಾನೆ. ಎರಡೂವರೆ ಸಾವಿರ ಕಿಲೋಮೀಟರ್ ಆಚೆಯ ಜನಕ್ಕೂ ಈ ಬಾಣ ಸುಲಭಕ್ಕೆ ಗಂಟಲಲ್ಲಿ ಇಳಿಯಲಿಲ್ಲ ಎಂದಾಯಿತು. ಬ್ಯಾಂಕಾಕಿಗೆ ಟಿಕೆಟ್ ಆಗಿರುವವರು ಹೋಗುವ ಮೊದಲು ಚಿಂತಾಮಣಿಯಲ್ಲಿ ಹತ್ತು ನಿಮಿಷ ಕುಳಿತು ಹೋಗಲಿ. ಅಲ್ಲಿನ ಗೈಡಿಗೆ ಖೀತ್‌ಖಿನ್ ಚಿತ್ರ ತೋರಿಸು ಎಂದು ಕೇಳಲು ಒಂದು ಕಾರಣ ಸಿಗುತ್ತದೆ. ಥಾಯ್ಲೆಂಡಿನ ಕಾನೂನಿನಂತೆ ಅಲ್ಲಿ ಗೈಡ್ ಕೆಲಸ ಮಾಡಬೇಕಾದವರು ಥಾಯ್ ಜನರೇ ಆಗಿರಬೇಕು. ಕೇಳಿದರೆ ಅವರಿಗೆ ಕಥೆ ಗೊತ್ತಿರುತ್ತದೆ, ನಾವು ಕೇಳುವುದಿಲ್ಲ ಅಷ್ಟೇ.

ಇಷ್ಟಕ್ಕೆ ಹನ್ನೆರಡೂವರೆ. ಅಂಜನಾದ್ರಿ ಎಲ್ಲಿ, ಪಂಪಾ ಸರೋವರ ಎಲ್ಲಿ, ನವಬೃಂದಾವನ ಎಲ್ಲಿ ಎಂದು ಓದುಗರು ಕೇಳುತ್ತಾರೆ. ಬಿಟ್ಟಿದ್ದೇನೆ. ಅಂಜನಾದ್ರಿಗೆ 575 ಮೆಟ್ಟಿಲು. ಹತ್ತಿ ಇಳಿದ ಮೇಲೆ ಕಾಲು ಬೇರೇನನ್ನೂ ನೋಡಲು ಬಿಡುವುದಿಲ್ಲ, ಶನಿವಾರ ಹೋದರೆ ನೂಕುನುಗ್ಗಲು ಬೇರೆ. ಅದಕ್ಕೆ ಬೇರೊಂದು ಮುಂಜಾನೆ ಕೊಡಿ. ನವಬೃಂದಾವನ ವ್ಯಾಸರಾಜರಾದಿಯಾಗಿ ಒಂಬತ್ತು ಮಾಧ್ವ ಯತಿಗಳ ಬೃಂದಾವನಗಳಿರುವ ನಡುಗಡ್ಡೆ. ಅಲ್ಲಿಗೆ ಹೋಗುವವರು ಪೂಜೆಗೆ ಹೋಗುತ್ತಾರೆ, ಪಟ್ಟಿಯಲ್ಲಿ ಗುರುತು ಹಾಕಲು ಹೋಗಬಾರದು. ಹಿರೇಬೆಣಕಲ್ ಗುಡ್ಡದ ಮೇಲಿನ ಬೃಹತ್ ಶಿಲಾ ಸಮಾಧಿಗಳನ್ನು ಇದೇ ದಿನಕ್ಕೆ ಸೇರಿಸುವವರನ್ನೂ ಕಂಡಿದ್ದೇನೆ. ಆನೆಗೊಂದಿಗಿಂತ ಸಾವಿರದೈನೂರು ವರ್ಷವಾದರೂ ಹಳೆಯವು ಅವು. ಅಷ್ಟು ಕಾಲವನ್ನು ಒಂದು ಊಟದ ಬಿಡುವಿನಲ್ಲಿ ಜಿಗಿಯಲಾಗದು.

ಗೈಡ್ ಆರಿಸುವ ಬಗೆ ಹೇಗೆ? ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಇದೆಯೇ ಎಂದು ನೋಡುವುದು ಸರಿ. ಅದರ ಮೇಲೆ ನನ್ನದೊಂದು ಪರೀಕ್ಷೆ: "ನಮಗೆ ಮೂರೇ ತಾಸು ಇದೆ, ಯಾವುದು ಬಿಡೋಣ?" ಎಂದು ಕೇಳಿ. "ಏನೂ ಬಿಡೋದು ಬ್ಯಾಡ್ರಿ, ಎಲ್ಲಾ ತೋರಸ್ತೀನಿ" ಎನ್ನುವವರಿಗೆ ನಮಸ್ಕಾರ ಹೇಳಿ. ಯಾವ ಸಿನಿಮಾದ ಯಾವ ಹಾಡು ಯಾವ ಬಂಡೆಯ ಮೇಲೆ ತೆಗೆದರು ಎಂಬುದರಿಂದ ಶುರು ಮಾಡುವವರಿಗೂ. ಸ್ವಲ್ಪ ಯೋಚಿಸಿ, ನಿಮ್ಮ ಜೊತೆಯ ಮುದುಕರನ್ನೂ ಹುಡುಗರನ್ನೂ ಒಮ್ಮೆ ನೋಡಿ, "ಕೋಟಿ ಬಿಡೋಣ್ರಿ, ಹತ್ತೂದು ಆಗಂಗಿಲ್ಲ" ಎನ್ನುವವರನ್ನು ಹಿಡಿದುಕೊಳ್ಳಿ.

ಇನ್ನು ದುಡ್ಡಿನ ಮಾತು. ಹೊರಡುವ ಮೊದಲೇ ಫೀ ಕೇಳಿ, ತೆಪ್ಪದ ಬಾಡಿಗೆ ಅದರಲ್ಲಿ ಸೇರಿದೆಯೋ ಇಲ್ಲವೋ ಕೇಳಿ, ಆಮೇಲೆ ಚೌಕಾಸಿ ಮಾಡಬೇಡಿ. ಗೈಡ್ ದುಬಾರಿ ಎಂದು ಗೊಣಗುವವರು ಒಂದು ಲೆಕ್ಕ ಮರೆಯುತ್ತಾರೆ. ನೀವು ಕೊಡದ ಫೀಯನ್ನು ಬೇರೆ ಯಾರೋ ಕೊಡುತ್ತಾರೆ, ಯಾರು ಕೊಡುತ್ತಾರೋ ಟೂರಿನ ದಾರಿಯನ್ನೂ ಅವರೇ ಬರೆಯುತ್ತಾರೆ. ಬ್ಯಾಂಕಾಕ್‌ನಲ್ಲಿ ಅದು ಹರಳಿನ ಅಂಗಡಿ, ಬೇರೆ ಊರಲ್ಲಿ ರೇಷ್ಮೆ ಸೀರೆ ಅಂಗಡಿ. ಆನೆಗೊಂದಿಯಲ್ಲಿ ಅಂಥ ಅಂಗಡಿ ಇನ್ನೂ ಇಲ್ಲ, ಅಲ್ಲಿನ ಗೈಡಿಗೆ ನಿಮ್ಮನ್ನು ಬಿಟ್ಟರೆ ಬೇರೆ ಗಿರಾಕಿ ಇಲ್ಲ. ಕೇಳಿದಷ್ಟು ಕೊಟ್ಟು, ಹೆಸರು ನಂಬರು ಬರೆದುಕೊಂಡು, ಮುಂದಿನ ವಾರ ಹೋಗುವ ನೆಂಟರಿಗೆ ಅದನ್ನು ದಾಟಿಸಿ.